ಒಬ್ಬರ ಮೈ, ಹಲವರ ನೆನಪು: ಸಮಕಾಲೀನ ನೃತ್ಯದ ವೃತ್ತಿಯಲ್ಲಿ ಸಮುದಾಯದ ಪಾಲೆಷ್ಟು?

ಬರಿಗಾಲು (ಚರ್ಚೆ ಆರಂಭಿಸಿದವರು)

17 ವರ್ಷಗಳಿಂದ ಸಮಕಾಲೀನ ನೃತ್ಯವನ್ನೇ ನೆಚ್ಚಿ ಬದುಕುತ್ತಿರುವವಳು ನಾನು. ಕಳೆದ ವರ್ಷ ತಾಲೀಮಿನ ನಡುವೆ, ಅದಕ್ಕೂ ಮೊದಲು ಸಾವಿರ ಸಲವಾದರೂ ಮಾಡಿದ್ದ ಒಂದು ಸಾಧಾರಣ ಜಿಗಿತದಿಂದ ನೆಲಕ್ಕಿಳಿಯುವಾಗ ಎಡಮೊಣಕಾಲು ಒಳಕ್ಕೆ ತಿರುಚಿಕೊಂಡಿತು. ವೈದ್ಯರು ಎಸಿಎಲ್ ಎಂದು ಕರೆಯುವ ಒಳಗಿನ ಅಸ್ಥಿರಜ್ಜು ಹರಿದುಹೋಯಿತು. ಶಸ್ತ್ರಚಿಕಿತ್ಸೆಯಾದ ಮೇಲೆ ಜಿಗಿಯುವ ಮಾತು ಹಾಗಿರಲಿ, ಮೆಟ್ಟಿಲಿಳಿಯುವುದನ್ನೇ ಹೊಸದಾಗಿ ಕಲಿಯಬೇಕಾಯಿತು. ಗಾಯದ ಕಥೆ ಹೇಳಿಕೊಳ್ಳುವುದಕ್ಕಾಗಿ ನಾನು ಇದನ್ನು ಬರೆಯುತ್ತಿಲ್ಲ. ನನ್ನ ವೃತ್ತಿ ಎಂದರೆ ಏನು ಎಂಬ ನನ್ನ ತಿಳಿವಳಿಕೆಯೇ ಆ ತಿಂಗಳುಗಳಲ್ಲಿ ಬದಲಾಯಿತು, ಅದನ್ನು ನಿಮ್ಮೆಲ್ಲರ ಮುಂದಿಡಬೇಕು ಅನಿಸಿದೆ.

ಮೊದಲ ಮೂರು ವಾರ ಫೋನುಗಳು ಬಂದವು, ಆಮೇಲೆ ನಿಂತವು. ಇದರಲ್ಲಿ ಯಾರ ತಪ್ಪೂ ಇಲ್ಲ. ನಮ್ಮ ಕೆಲಸವೇ ಒಂದು ಕೃತಿಯಿಂದ ಇನ್ನೊಂದಕ್ಕೆ, ಒಂದು ತಂಡದಿಂದ ಮತ್ತೊಂದಕ್ಕೆ ಸಾಗುವಂಥದ್ದು; ತಾಲೀಮಿಗೆ ಬಾರದವರು ಕಣ್ಣಿಗೆ ಬೀಳುವುದಿಲ್ಲ, ಕಣ್ಣಿಗೆ ಬೀಳದವರು ಮುಂದಿನ ಕೃತಿಯ ಯೋಚನೆಯೊಳಗೆ ಬರುವುದಿಲ್ಲ. ಆಗ ನನ್ನನ್ನು ಕೈಹಿಡಿದು ಕರೆತಂದದ್ದು ವಾರದಲ್ಲಿ ಎರಡು ಬೆಳಿಗ್ಗೆ ಸೇರಿ, ಸರದಿಯ ಮೇಲೆ ಒಬ್ಬರು ಮಿಕ್ಕವರಿಗೆ ಕ್ಲಾಸ್ ನಡೆಸುವ ನಮ್ಮ ಆರು ಜನರ ಗುಂಪು. ಅವರು ನನಗೆ ಸಮಾಧಾನದ ಮಾತು ಹೇಳಲಿಲ್ಲ. ಗೋಡೆಯ ಪಕ್ಕ ಒಂದು ಕುರ್ಚಿ ಹಾಕಿ, ಕೈಗೆ ಒಂದು ನೋಟ್‌ಪುಸ್ತಕ ಕೊಟ್ಟು, ಬಂದು ನೋಡು ಎಂದರು.

ಒಂದು ದಿನ ಕ್ಲಾಸ್ ಮುಗಿದ ಮೇಲೆ, ಕೃತಿಯೊಂದರಲ್ಲಿ ನನ್ನ ಭಾಗವನ್ನು ವಹಿಸಿಕೊಂಡಿದ್ದ ಗೆಳತಿ ನನ್ನ ಕುರ್ಚಿಯ ಎದುರು ನೆಲದ ಮೇಲೆ ಕುಳಿತು, "ಎಂಟನೆಯ ಎಣಿಕೆಗೆ ತಿರುಗುತ್ತೀಯಲ್ಲ, ಆಗ ನಿನ್ನ ಕಣ್ಣು ಎಲ್ಲಿರುತ್ತದೆ?" ಎಂದು ಕೇಳಿದಳು. ನನಗೆ ಉತ್ತರ ಗೊತ್ತಿರಲಿಲ್ಲ. ಎದ್ದು ಮಾಡಿ ನೋಡುವಂತೆಯೂ ಇರಲಿಲ್ಲ. ಕಣ್ಣು ಮುಚ್ಚಿ, ತೊಡೆಯ ಮೇಲೆ ಬಲಗೈಯನ್ನು ಬಲಗಾಲಿನಂತೆ, ಎಡಗೈಯನ್ನು ಎಡಗಾಲಿನಂತೆ ಇಟ್ಟು ಮೆಲ್ಲಗೆ ಮಾರ್ಕ್ ಮಾಡಿದೆ, ಅಂದರೆ ಪೂರ್ತಿ ಕುಣಿಯದೆ ಹೆಜ್ಜೆಗಳನ್ನು ಗುರುತಿಸಿಕೊಂಡೆ. ಮೂರನೆಯ ಸಲ ತಿಳಿಯಿತು: ಮೊದಲು ಭುಜ ತಿರುಗುತ್ತದೆ, ಅದರ ಹಿಂದೆ ಗದ್ದ, ನೋಟ ಮಾತ್ರ ಬಿಟ್ಟುಬಂದ ಜಾಗದಲ್ಲೇ ಒಂದು ಕ್ಷಣ ಉಳಿದು ಕೊನೆಯಲ್ಲಿ ಬರುತ್ತದೆ. ನಾಲ್ಕು ವರ್ಷ ನಾನೇ ಕುಣಿದಿದ್ದ ಭಾಗದ ಬಗ್ಗೆ ನನಗೇ ಗೊತ್ತಿರದ ಸಂಗತಿ ಅದು. ಅವಳು ಕೇಳದಿದ್ದರೆ ಎಂದೂ ಗೊತ್ತಾಗುತ್ತಿರಲಿಲ್ಲ.

ನಮ್ಮ ಪರಿಚಯಪತ್ರಗಳಲ್ಲಿ ಒಬ್ಬರೇ ಕುಣಿಯುವ ಸೋಲೊಗಳ ಹೆಸರಿರುತ್ತದೆ, ಒಂದು ಕಡೆ ಉಳಿದು ಕೃತಿ ಕಟ್ಟುವ ರೆಸಿಡೆನ್ಸಿಗಳ ಪಟ್ಟಿಯಿರುತ್ತದೆ, ಪ್ರಶಸ್ತಿಗಳಿರುತ್ತವೆ. ಹೀಗೆ ಕೇಳಿದವರ ಹೆಸರು ಎಲ್ಲಿಯೂ ಇರುವುದಿಲ್ಲ. ನೃತ್ಯಗಾರರ ವೃತ್ತಿಜೀವನವನ್ನು ಒಬ್ಬರ ಏರುಹಾದಿಯಂತೆ ಬರೆಯುವುದೇ ತಪ್ಪೇನೋ ಎಂಬ ಅನುಮಾನ ನನಗೀಗ ಬಲವಾಗಿದೆ. ನಿಮ್ಮ ಅನುಭವವೇನು? ದಯವಿಟ್ಟು ನಿರ್ದಿಷ್ಟವಾಗಿ ಬರೆಯಿರಿ.

ಉಸಿರಿನ ಲೆಕ್ಕ

ಬರಿಗಾಲು ಅವರೇ, 30 ವರ್ಷ ಕಲಿಸಿದ ಮೇಲೆ ನಿಮ್ಮ ಅನುಮಾನ ಸರಿಯೆಂದು ಧೈರ್ಯವಾಗಿ ಹೇಳಬಲ್ಲೆ. ನಮ್ಮ ಕಲೆಯ ಚರಿತ್ರೆಯನ್ನು ಕಲಿಸುವ ಕ್ರಮವೇ ಈ ತಪ್ಪನ್ನು ಬೆಳೆಸಿದೆ. ಇವರು ಇದನ್ನು ಕಂಡುಹಿಡಿದರು, ಅವರು ಅದನ್ನು ಮುರಿದರು ಎಂದು ಹೆಸರುಗಳ ಸರಪಳಿಯಾಗಿ ಹೇಳುತ್ತೇವೆ. 1962ರ ಜುಲೈ 6ರಂದು ನ್ಯೂಯಾರ್ಕಿನ ಜಡ್ಸನ್ ಮೆಮೋರಿಯಲ್ ಚರ್ಚಿನಲ್ಲಿ ನಡೆದ, ಇಂದಿನ ನೃತ್ಯಕ್ಕೆ ಹೊಸ ದಾರಿ ತೆರೆಯಿತೆಂದು ಹೇಳುವ ಪ್ರದರ್ಶನವನ್ನೇ ನೋಡಿ. ಈವನ್ ರೈನರ್, ಸ್ಟೀವ್ ಪ್ಯಾಕ್ಸ್‌ಟನ್, ಡೆಬೊರಾ ಹೇ, ಡೇವಿಡ್ ಗಾರ್ಡನ್ ಮೊದಲಾದವರು ಇಂದು ಒಂಟಿ ಹೆಸರುಗಳಾಗಿ ಪಾಠಗಳಲ್ಲಿದ್ದಾರೆ. ಆದರೆ ಅವರೆಲ್ಲ ರಾಬರ್ಟ್ ಡನ್ ನಡೆಸುತ್ತಿದ್ದ ಸಂಯೋಜನೆಯ ತರಗತಿಯಲ್ಲಿ, ಒಬ್ಬರು ಮಾಡಿದ್ದನ್ನು ಉಳಿದವರು ನೋಡಿ ಚರ್ಚಿಸುವ ಕ್ರಮದಲ್ಲಿ ಬೆಳೆದವರು. ಅಂದು ನೋಡಲು ಹಣ ಕೊಡಬೇಕಾಗಿರಲಿಲ್ಲ, ಪ್ರದರ್ಶನ ಮೂರು ತಾಸಿಗೂ ಹೆಚ್ಚು ನಡೆಯಿತು. ಒಂದು ಚರ್ಚು ತನ್ನ ಸಭಾಂಗಣವನ್ನು ಬಿಟ್ಟುಕೊಡದಿದ್ದರೆ, ನೋಡುವವರು ಅಷ್ಟು ತಾಳ್ಮೆಯಿಂದ ಕೂರದಿದ್ದರೆ, ಆ ಹೆಸರುಗಳಲ್ಲಿ ಎಷ್ಟು ನಮ್ಮವರೆಗೆ ತಲುಪುತ್ತಿದ್ದವು?

ಹತ್ತು ವರ್ಷಗಳ ನಂತರ, 1972ರಲ್ಲಿ, ಅದೇ ಪ್ಯಾಕ್ಸ್‌ಟನ್ ಅಮೆರಿಕದ ಓಬರ್ಲಿನ್ ಕಾಲೇಜಿನಲ್ಲಿ ವಿದ್ಯಾರ್ಥಿಗಳೊಂದಿಗೆ ಚಾಪೆಗಳ ಮೇಲೆ ಬೀಳುತ್ತ, ಡಿಕ್ಕಿ ಹೊಡೆಯುತ್ತ, ಉರುಳುತ್ತ ಮಾಡಿದ ಪ್ರಯೋಗದಿಂದ, ಮೈಗೆ ಮೈ ತಾಗಿಸಿ ಭಾರ ಹಂಚಿಕೊಳ್ಳುತ್ತ ಆ ಕ್ಷಣದಲ್ಲೇ ಚಲನೆ ಹುಟ್ಟಿಸುವ ಕಾಂಟ್ಯಾಕ್ಟ್ ಇಂಪ್ರೊವೈಸೇಶನ್ ಹುಟ್ಟಿತು. ಕೆಲವೇ ವರ್ಷಗಳಲ್ಲಿ ತರಬೇತಿಯಿಲ್ಲದವರು ಅದನ್ನು ಮಾಡಹೋಗಿ ಪೆಟ್ಟು ಮಾಡಿಕೊಳ್ಳುವ ಆತಂಕ ಎದ್ದಾಗ, ಆ ಹೆಸರನ್ನು ನೋಂದಾಯಿಸಿ ಕಲಿಸುವವರಿಗೆ ಪ್ರಮಾಣಪತ್ರ ಕೊಡುವ ಆಲೋಚನೆಯೂ ಬಂತು. ಆ ಆಲೋಚನೆಯನ್ನು ಪ್ಯಾಕ್ಸ್‌ಟನ್ ಮತ್ತು ಸಂಗಡಿಗರು ಕೈಬಿಟ್ಟರು. ಬದಲಿಗೆ 1975ರಲ್ಲಿ ಒಂದು ಸುದ್ದಿಪತ್ರಿಕೆ ಆರಂಭಿಸಿ, ಯಾರು ಎಲ್ಲಿ ಏನು ಮಾಡಿದರು, ಎಲ್ಲಿ ಏಟು ತಿಂದರು ಎಂಬುದನ್ನು ಪರಸ್ಪರ ಬರೆದು ತಿಳಿಸಿಕೊಂಡರು. ಒಂದು ನೃತ್ಯಪದ್ಧತಿಯನ್ನು ಕಾಯುವ ಹೊಣೆಯನ್ನು ಕಾನೂನಿಗೆ ಒಪ್ಪಿಸದೆ ಮಾಡುವವರ ಮಾತುಕತೆಗೆ ಒಪ್ಪಿಸಿದ ಈ ನಿರ್ಧಾರ ನನ್ನ ಮಟ್ಟಿಗೆ ಆ ಪದ್ಧತಿಯಷ್ಟೇ ದೊಡ್ಡದು.

ಇದನ್ನು ಮಾಡುವವರು ಮುಕ್ತವಾಗಿ ಸೇರಿ ಕುಣಿಯುವ ಜ್ಯಾಮಿನಲ್ಲಿ ಅಪರಿಚಿತರೊಬ್ಬರ ಬೆನ್ನಿಗೆ ಬೆನ್ನು ತಾಗಿಸಿ ನಿಂತವರಿಗೆ ಇದು ಗೊತ್ತು. ತಾಗುವ ಬಿಂದು ಸೊಂಟದಿಂದ ಪಕ್ಕೆಲುಬಿಗೆ, ಅಲ್ಲಿಂದ ಭುಜಕ್ಕೆ ಉರುಳುತ್ತ ಹೋಗುವಾಗ ಯಾರು ಯಾರನ್ನು ನಡೆಸುತ್ತಿದ್ದಾರೆಂದು ಇಬ್ಬರಿಗೂ ಹೇಳಲಾಗುವುದಿಲ್ಲ. ಎದುರಿನವರು ಉಸಿರು ಬಿಗಿಹಿಡಿದರೆ ನಿಮ್ಮ ಬೆನ್ನಿಗೆ ತಿಳಿಯುತ್ತದೆ. ಒಬ್ಬರೇ ಎಷ್ಟೇ ಅಭ್ಯಾಸ ಮಾಡಿದರೂ ಆ ತಿಳಿವು ಬರುವುದಿಲ್ಲ.

ಮೂರನೆಯ ಸಾಲು

ಇಲ್ಲಿಯವರೆಗಿನ ಎರಡು ಬರಹಗಳನ್ನು ಗೌರವದಿಂದ ಓದಿದ್ದೇನೆ. ಆದರೂ ಸಮುದಾಯ ಎಂಬ ಮಾತನ್ನು ಕೇಳಿದೊಡನೆ ನನ್ನ ಮೈ ಬಿಗಿಯಾಗುತ್ತದೆ, ಏಕೆಂದು ಹೇಳುತ್ತೇನೆ.

ಆರು ವರ್ಷ ನಾನು ಒಂದು ತಂಡದಲ್ಲಿದ್ದೆ. ಅಲ್ಲಿ ನಾವೆಲ್ಲ ಒಂದೇ ಮನೆಯವರು ಎಂಬುದು ದಿನವೂ ಕೇಳುವ ಮಾತಾಗಿತ್ತು. ಮನೆಯವರಾದ್ದರಿಂದ ಕರಾರುಪತ್ರ ಕೇಳುವುದು ಅವಿಶ್ವಾಸವೆನಿಸುತ್ತಿತ್ತು. ತಾಲೀಮಿನ ದಿನಗಳಿಗೆ ಸಂಬಳವಿರಲಿಲ್ಲ, ಪ್ರದರ್ಶನದ ದಿನಕ್ಕಷ್ಟೇ ಇತ್ತು. ನೆಲ ಒರೆಸುವುದು, ಮಾರ್ಲಿ ಎಂಬ ನೃತ್ಯದ ನೆಲಹಾಸನ್ನು ಹಾಸುವುದು, ಬೆಳಕಿನ ಕಂಬ ಹೊರುವುದು ಎಲ್ಲವೂ ಪ್ರೀತಿಯ ಲೆಕ್ಕಕ್ಕೆ ಹೋಗುತ್ತಿತ್ತು. ಹೆಚ್ಚು ನೋವು ಕೊಟ್ಟದ್ದು ಅದೂ ಅಲ್ಲ. ನೃತ್ಯ ಸಂಯೋಜಕರು ಒಂದು ಪ್ರಶ್ನೆಯನ್ನೋ ಚಿತ್ರವನ್ನೋ ಕೊಡುತ್ತಿದ್ದರು, ನಾವು ನಮ್ಮ ಬಾಲ್ಯದ ನೆನಪು, ಅಮ್ಮನ ಕೈಬೀಸು, ಆಸ್ಪತ್ರೆಯಲ್ಲಿ ಕಂಡ ನಡಿಗೆ ಇವುಗಳಿಂದ ಚಲನೆ ಹುಟ್ಟಿಸುತ್ತಿದ್ದೆವು, ಅವರು ಅದನ್ನು ಆಯ್ದು ಜೋಡಿಸುತ್ತಿದ್ದರು. ಇದು ಇಂದು ಬಹುತೇಕ ಎಲ್ಲ ಕಡೆ ನಡೆಯುವ ಪದ್ಧತಿ, ಅದರಲ್ಲಿ ತಪ್ಪಿಲ್ಲ. ಆದರೆ ನಾನು ಬಿಟ್ಟ ಮೇಲೂ ನನ್ನ ಅಮ್ಮನ ಕೈಬೀಸು ಬೇರೆಯವರ ಮೈಮೇಲೆ ವೇದಿಕೆಗೆ ಬರುತ್ತಿದೆ. ಕೃತಿಯ ಪರಿಚಯದಲ್ಲಿ ಸಂಯೋಜನೆ ಎಂಬುದರ ಮುಂದೆ ಒಂದೇ ಹೆಸರಿದೆ.

ಇದು ನನ್ನೊಬ್ಬನ ಗೋಳೆಂದು ತಳ್ಳಿಹಾಕಬೇಡಿ. 1991ರಲ್ಲಿ ಅಮೆರಿಕದ ನೃತ್ಯ ಸಂಯೋಜಕಿ ಮಾರ್ಥಾ ಗ್ರಹಾಂ ತೀರಿಕೊಂಡ ನಂತರ ಅವರ ಕೃತಿಗಳು ಯಾರವು ಎಂಬ ಪ್ರಶ್ನೆ ನ್ಯಾಯಾಲಯಕ್ಕೆ ಹೋಯಿತು. ಒಂದು ಕಡೆ ಅವರ ಉಯಿಲಿನ ವಾರಸುದಾರರು, ಇನ್ನೊಂದು ಕಡೆ ಅವರೇ ಕಟ್ಟಿದ ಸಂಸ್ಥೆ. ಈ ಜಗಳ ಬೆಳೆಯುತ್ತಿದ್ದಾಗ, 2000ದಲ್ಲಿ, ತಂಡದ ಪ್ರದರ್ಶನಗಳೇ ನಿಂತುಹೋಗಿದ್ದವು. ಗ್ರಹಾಂ ಸಂಸ್ಥೆಯ ಉದ್ಯೋಗಿಯಾಗಿ ಮಾಡಿದ ಕೃತಿಗಳು ಸಂಸ್ಥೆಗೇ ಸೇರುತ್ತವೆಂಬ ತತ್ತ್ವದ ಮೇಲೆ 2002ರಲ್ಲಿ ಬಹುಪಾಲು ಕೃತಿಗಳನ್ನು ನ್ಯಾಯಾಲಯ ಸಂಸ್ಥೆಯ ಕಡೆಗೆ ಬಿಟ್ಟಿತು. ತಂಡ ಉಳಿಯಿತು, ಸಂತೋಷವೇ. ಆದರೆ ಅಷ್ಟು ದೊಡ್ಡ ವ್ಯಾಜ್ಯದಲ್ಲಿ ಆ ಪಾತ್ರಗಳನ್ನು ಮೊದಲು ಮೈಯಲ್ಲಿ ಹುಟ್ಟಿಸಿದ ನರ್ತಕರು ಹಕ್ಕುದಾರರ ಸಾಲಿನಲ್ಲಿರಲಿಲ್ಲ. ಸಮುದಾಯವನ್ನು ಕೊಂಡಾಡುವ ಮೊದಲು, ಅದರೊಳಗೆ ಯಾರಿಗೆ ಎಷ್ಟು ಸಿಗುತ್ತದೆಂದು ಕೇಳೋಣ.

ಮೊದಲ ಹೆಜ್ಜೆ

ನಾನು ಇನ್ನೂ ವಿದ್ಯಾರ್ಥಿನಿ, ವಯಸ್ಸು 21. ಇಲ್ಲಿ ಬರೆಯುವಷ್ಟು ಅನುಭವ ನನಗಿಲ್ಲ, ಒಂದು ಪ್ರಶ್ನೆಯಿದೆ. ನೀವೆಲ್ಲ ಗುಂಪಿನ ಬಗ್ಗೆ ಮಾತಾಡುತ್ತಿದ್ದೀರಿ. ನನಗೆ ಗುಂಪೇ ಇಲ್ಲ. ಹೆಚ್ಚಿನದನ್ನು ವಿಡಿಯೊ ನೋಡಿ ಕಲಿಯುತ್ತೇನೆ, ಖಾಲಿ ಕೋಣೆಯಲ್ಲಿ ಫೋನನ್ನು ಗೋಡೆಗೆ ಒರಗಿಸಿ ನನ್ನನ್ನೇ ಚಿತ್ರೀಕರಿಸಿಕೊಂಡು ತಿದ್ದಿಕೊಳ್ಳುತ್ತೇನೆ. ಆಡಿಷನ್‌ಗಳಿಗೆ ಹೋದರೆ ಅಲ್ಲಿರುವವರೆಲ್ಲ ಮೊದಲೇ ಪರಿಚಿತರು, ಒಬ್ಬರನ್ನೊಬ್ಬರು ಅಪ್ಪಿಕೊಳ್ಳುತ್ತಾರೆ, ನಾನು ಮೂಲೆಯಲ್ಲಿ ವಾರ್ಮ್‌ಅಪ್ ಮಾಡುತ್ತೇನೆ. ಮೊದಲು ತಂತ್ರವನ್ನು ಗಟ್ಟಿ ಮಾಡಿಕೊಂಡರೆ ಸಮುದಾಯ ತಾನಾಗಿ ಸಿಗುತ್ತದೆಯೇ, ಅಥವಾ ಅದಿಲ್ಲದೆ ತಂತ್ರವೇ ಒಂದು ಹಂತದ ನಂತರ ನಿಲ್ಲುತ್ತದೆಯೇ?

ಕೀಲು

ನರ್ತಕರಿಗೆ ಚಿಕಿತ್ಸೆ ನೀಡುವ ಫಿಸಿಯೊಥೆರಪಿಸ್ಟ್ ಆಗಿ ಬರಿಗಾಲು ಅವರ ಅನುಭವಕ್ಕೆ ಎರಡು ಮಾತು ಸೇರಿಸುತ್ತೇನೆ. ಎಸಿಎಲ್ ಶಸ್ತ್ರಚಿಕಿತ್ಸೆಯ ನಂತರ ಒಂಬತ್ತು ತಿಂಗಳಿಗೂ ಮೊದಲೇ ಜಿಗಿತ, ತಿರುವುಗಳಿರುವ ಚಟುವಟಿಕೆಗೆ ಮರಳುವವರಲ್ಲಿ ಮತ್ತೆ ಗಾಯವಾಗುವ ಅಪಾಯ ಹೆಚ್ಚು. ಇದು ನರ್ತಕರಿಗೆ ತಿಳಿಯದ್ದಲ್ಲ. ತಿಳಿದೂ ಬೇಗ ಮರಳುತ್ತಾರೆ, ಏಕೆಂದರೆ ದೂರ ಉಳಿದಷ್ಟೂ ಜಾಗ ಕೈತಪ್ಪುತ್ತದೆಂಬ ಭಯ. ಅದೇ ಭಯದಿಂದ ಸಣ್ಣ ನೋವುಗಳನ್ನು ಮುಚ್ಚಿಟ್ಟು, ದೊಡ್ಡದಾದ ಮೇಲೆ ನಮ್ಮಲ್ಲಿಗೆ ಬರುತ್ತಾರೆ. ಕಾಲಿನ ಬಲ ಮರಳಿದರೂ ಇಳಿಯುವಾಗ ಆ ಕಾಲಿನ ಮೇಲೆ ನಂಬಿಕೆ ಮರಳದಿರುವುದೂ ಸಾಮಾನ್ಯ. ಆದ್ದರಿಂದ ಗೋಡೆಯ ಪಕ್ಕ ಹಾಕಿದ ಆ ಕುರ್ಚಿಯನ್ನು ನಾನು ಸೌಜನ್ಯವೆಂದು ಮಾತ್ರ ಎಣಿಸುವುದಿಲ್ಲ. ಇಂದು ನನ್ನಿಂದಾಗದು ಎಂದು ಹೇಳಿ ಕೂರಬಹುದಾದ, ಕುಳಿತರೂ ತಾಲೀಮಿನ ಒಳಗೇ ಇರಬಹುದಾದ ಜಾಗ ಎಷ್ಟು ತಂಡಗಳಲ್ಲಿದೆ?

ಅರವತ್ತರ ಆಚೆ

ನಾನು ವೃತ್ತಿಪರಳಲ್ಲ. 66 ವರ್ಷ ವಯಸ್ಸು, ನಿವೃತ್ತ ಶಿಕ್ಷಕಿ, ನಾಲ್ಕು ವರ್ಷಗಳಿಂದ ಸಾರ್ವಜನಿಕರಿಗಾಗಿ ನಡೆಯುವ ಒಂದು ನೃತ್ಯ ಗುಂಪಿನಲ್ಲಿದ್ದೇನೆ. ನಿಮ್ಮ ಚರ್ಚೆಯಲ್ಲಿ ಸಮುದಾಯ ಎಂದರೆ ನರ್ತಕರ ಸಮುದಾಯ ಎಂದಷ್ಟೇ ಅರ್ಥವಾಗುತ್ತಿರುವುದರಿಂದ ಇದನ್ನು ಬರೆಯುತ್ತಿದ್ದೇನೆ.

ಜರ್ಮನಿಯ ವುಪರ್ಟಾಲ್ ನಗರದಲ್ಲಿ ನೃತ್ಯ ಸಂಯೋಜಕಿ ಪೀನಾ ಬೌಶ್ 1978ರಲ್ಲಿ 'ಕೊಂಟಾಕ್ಟ್‌ಹೋಫ್' ಎಂಬ ಕೃತಿಯನ್ನು ಮಾಡಿದರು. ಜನ ಒಬ್ಬರನ್ನೊಬ್ಬರು ಬಯಸುವ, ದೂರ ತಳ್ಳುವ, ತಮ್ಮನ್ನು ತಾವು ತೋರಿಸಿಕೊಳ್ಳುವ ಬಗೆಗಳೇ ಅದರ ವಸ್ತು. 2000ದಲ್ಲಿ ಅದೇ ಕೃತಿಯನ್ನು ಅವರು 65 ದಾಟಿದ, ನರ್ತಕರಲ್ಲದ ಅದೇ ನಗರದವರೊಂದಿಗೆ ರಂಗಕ್ಕೆ ತಂದರು. 2008ರಲ್ಲಿ 14 ದಾಟಿದ ಹದಿಹರೆಯದವರೊಂದಿಗೆ. ಇದನ್ನು ಹಿರಿಯರ ಮನೋರಂಜನೆಗೆಂದು ಸುಲಭ ಮಾಡಿರಲಿಲ್ಲ. ತಮ್ಮ ತಂಡದ ಮುಖ್ಯ ಕೃತಿಯನ್ನೇ, ತಿಂಗಳುಗಟ್ಟಲೆ ತಾಲೀಮು ಮಾಡಿಸಿ, ಅವರ ಕೈಗೊಪ್ಪಿಸಿದ್ದರು. ಮೂವತ್ತರವರ ಕೈ ಇನ್ನೊಬ್ಬರ ಕೆನ್ನೆಯನ್ನು ಮುಟ್ಟುವುದಕ್ಕೂ ಎಪ್ಪತ್ತರವರ ಕೈ ಮುಟ್ಟುವುದಕ್ಕೂ ಇರುವ ವ್ಯತ್ಯಾಸವನ್ನು ಯಾವ ತರಬೇತಿಯೂ ಹುಟ್ಟಿಸಲಾರದು. ಆ ವ್ಯತ್ಯಾಸ ಕೃತಿಗೆ ಬೇಕಾಗಿತ್ತು ಎಂಬುದು ನನ್ನ ನಂಬಿಕೆ.

ನಮ್ಮ ಗುಂಪಿಗೆ ಇಬ್ಬರು ವೃತ್ತಿಪರ ನರ್ತಕರು ಕಲಿಸುತ್ತಾರೆ. ಒಂದು ಸಂಜೆ, ನಿಂತಲ್ಲಿಂದ ನೆಲಕ್ಕೆ ಕುಳಿತು ಮತ್ತೆ ಏಳುವ ಅಭ್ಯಾಸ ನಡೆಯುತ್ತಿತ್ತು. ಅವರಿಗೆ ಅದು ಒಂದೇ ಉಸಿರಿನ ಕೆಲಸ. ನಾನು ಮೊದಲು ಎಡಗೈಯನ್ನು ತೊಡೆಗೆ ಕೊಟ್ಟು, ಒಂದು ಮೊಣಕಾಲೂರಿ, ಸ್ವಲ್ಪ ನಿಂತು, ನೆಲದ ದೂರವನ್ನು ಅಂಗೈಯಿಂದ ಅಳೆದು, ಆಮೇಲೆ ಭಾರ ಬಿಟ್ಟೆ. ಕಲಿಸುತ್ತಿದ್ದ ಹುಡುಗ ನನ್ನನ್ನು ಅವಸರಪಡಿಸಲಿಲ್ಲ. ಎಲ್ಲರನ್ನೂ ನಿಲ್ಲಿಸಿ, ಅಮ್ಮ ಹೇಗೆ ನೆಲವನ್ನು ಕೇಳಿಕೊಂಡು ಕೂರುತ್ತಾರೆ ನೋಡಿ ಎಂದು, ತಾನೇ ಅದನ್ನು ನಾಲ್ಕೈದು ಸಲ ನನ್ನಿಂದ ಕಲಿತ. ಅವನ ಸೋಲೊ ಒಂದರಲ್ಲಿ ಈಗ ಆ ಕುಳಿತುಕೊಳ್ಳುವಿಕೆಯಿದೆ. ನನ್ನ ಒಪ್ಪಿಗೆ ಕೇಳಿದ್ದ. ಮೂರನೆಯ ಸಾಲು ಅವರ ನೋವು ಓದಿದ ಮೇಲೆ ಆ ಕೇಳುವಿಕೆಯ ಬೆಲೆ ನನಗೆ ಇನ್ನಷ್ಟು ತಿಳಿಯಿತು.

ಸಮುದಾಯ ನೃತ್ಯವನ್ನು ವೇದಿಕೆ ಸಿಗದವರು ಹೊಟ್ಟೆಪಾಡಿಗೆ ಮಾಡುವ ಎರಡನೆಯ ದರ್ಜೆಯ ಕೆಲಸವೆಂದು ಕಾಣುವವರು ಇದ್ದಾರೆ. ಆದರೆ 2001ರಲ್ಲಿ ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ ಮಾರ್ಕ್ ಮಾರಿಸ್ ಅವರ ನೃತ್ಯ ತಂಡ ಪಾರ್ಕಿನ್ಸನ್ ಕಾಯಿಲೆ ಇರುವವರಿಗೆಂದು ತರಗತಿ ಆರಂಭಿಸಿದಾಗ, ಅಲ್ಲಿಗೆ ಬಂದವರನ್ನು ರೋಗಿಗಳೆಂದು ಕರೆಯದೆ ನರ್ತಕರೆಂದೇ ಕಂಡು, ತಂಡದ ಕೃತಿಗಳ ಚಲನೆಗಳನ್ನೇ ಕಲಿಸಿದರು. ಆ ತರಗತಿಯ ಮಾದರಿ ಇಂದು ಹಲವು ದೇಶಗಳಿಗೆ ಹಬ್ಬಿದೆ. ಹಾಗೆ ಕಲಿಸುವ ನರ್ತಕರ ವೃತ್ತಿಯಲ್ಲಿ ಅದು ಬಿಡುವಿನ ಕೆಲಸವೋ ನಡುಮನೆಯ ಕೆಲಸವೋ ಎಂದು ನೀವೇ ಹೇಳಬೇಕು.

ಉಸಿರಿನ ಲೆಕ್ಕ

ಮೊದಲ ಹೆಜ್ಜೆ ಅವರ ಪ್ರಶ್ನೆಗೆ ಉತ್ತರಿಸಬೇಕು. ತಂತ್ರ ಮೊದಲೋ ಸಮುದಾಯ ಮೊದಲೋ ಎಂಬುದು ಈಜು ಮೊದಲೋ ನೀರು ಮೊದಲೋ ಎಂದಂತೆ, ಮಗಳೇ. ವಿಡಿಯೊ ನಿಮಗೆ ಆಕಾರವನ್ನು ತೋರಿಸುತ್ತದೆ. ಭಾರ ಎಲ್ಲಿದೆಯೆಂದು ತೋರಿಸುವುದಿಲ್ಲ. ಕೈ ಎತ್ತಿದಾಗ ಭುಜದ ಎಲುಬು ಬೆನ್ನಿನ ಮೇಲೆ ಜಾರಿತೋ ಕಿವಿಯತ್ತ ಏರಿತೋ ಎಂಬುದನ್ನು ಯಾರಾದರೂ ಬೆರಳಿಟ್ಟು ತಿಳಿಸಬೇಕು.

ಗುಂಪು ಇಲ್ಲದಿದ್ದರೆ ಕಟ್ಟಿ, ಇಬ್ಬರು ಸಾಕು. ಒಬ್ಬರು ಮಾಡುವುದು, ಇನ್ನೊಬ್ಬರು ನೋಡುವುದು, ಮತ್ತೆ ಅದಲುಬದಲು. ನೋಡಿದ್ದನ್ನು ಹೇಳುವ ಕ್ರಮವನ್ನು ಮಾತ್ರ ಮೊದಲೇ ಗೊತ್ತುಮಾಡಿಕೊಳ್ಳಿ, ಇಲ್ಲವಾದರೆ ಒಂದೇ ವಾರದಲ್ಲಿ ಮನಸ್ಸು ಮುರಿಯುತ್ತದೆ. ಅಮೆರಿಕದ ನೃತ್ಯ ಸಂಯೋಜಕಿ ಲಿಜ್ ಲರ್ಮನ್ 1990ರಲ್ಲಿ ರೂಪಿಸಿದ ಒಂದು ವಿಧಾನವನ್ನು ನಾನು ತರಗತಿಯಲ್ಲಿ ಅನುಸರಿಸುತ್ತೇನೆ. ಮೊದಲು ನೋಡಿದವರು ತಮಗೆ ಮುಖ್ಯವೆನಿಸಿದ್ದನ್ನು ಹೇಳುತ್ತಾರೆ. ಬಳಿಕ ಮಾಡಿದವರೇ ತಮ್ಮ ಸಂದೇಹಗಳನ್ನು ಕೇಳುತ್ತಾರೆ. ಆಮೇಲೆ ನೋಡಿದವರು ಪ್ರಶ್ನೆ ಕೇಳಬಹುದು, ಆದರೆ ಪ್ರಶ್ನೆಯೊಳಗೆ ಅಭಿಪ್ರಾಯ ಅಡಗಿರಬಾರದು. ಇಷ್ಟಾದ ಮೇಲೆ, ಈ ಭಾಗದ ಬಗ್ಗೆ ನನಗೊಂದು ಅಭಿಪ್ರಾಯವಿದೆ, ಕೇಳುವಿರಾ ಎಂದು ಒಪ್ಪಿಗೆ ಪಡೆದೇ ಅಭಿಪ್ರಾಯ ಹೇಳಬೇಕು. ಬೇಡವೆನ್ನುವ ಹಕ್ಕು ಮಾಡಿದವರಿಗಿದೆ. ಮೂರನೆಯ ಹಂತವೇ ಕಷ್ಟ. ಇಷ್ಟು ನಿಧಾನ ಏಕೆ ಎಂಬುದು ಪ್ರಶ್ನೆಯ ವೇಷದ ದೂರು. ವೇಗವನ್ನು ಹೇಗೆ ಆರಿಸಿದಿರಿ ಎಂಬುದು ಪ್ರಶ್ನೆ. ಈ ವ್ಯತ್ಯಾಸ ನಾಲಿಗೆಗೆ ಬರಲು ನನಗೇ ಎರಡು ವರ್ಷ ಹಿಡಿಯಿತು.

ವೇದಿಕೆಯಿಂದ ದೂರವಿರುವ ವರ್ಷಗಳು ವ್ಯರ್ಥವೆಂಬ ಭಯವೂ ನಿಮಗೆ ಬೇಡ. ಚೆನ್ನೈನ ನೃತ್ಯ ಸಂಯೋಜಕಿ ಚಂದ್ರಲೇಖಾ 1972ರ ನಂತರ ಹತ್ತಕ್ಕೂ ಹೆಚ್ಚು ವರ್ಷ ನೃತ್ಯದ ವೇದಿಕೆಯಿಂದ ದೂರವಿದ್ದು, ಪೋಸ್ಟರ್‌ಗಳು, ಕಾರ್ಯಾಗಾರಗಳು ಮತ್ತು ಮಹಿಳಾ ಚಳವಳಿಯ ಕೆಲಸದಲ್ಲಿ ತೊಡಗಿದ್ದರು. 1985ರಲ್ಲಿ ಅವರು ಭರತನಾಟ್ಯ, ಯೋಗ ಮತ್ತು ಕಳರಿಪಯಟ್ಟುಗಳನ್ನು ಒಂದೇ ನೆಲದ ಮೇಲೆ ನಿಲ್ಲಿಸಿದ 'ಅಂಗಿಕ'ದಲ್ಲಿ ಮೈಯನ್ನು ಕಾಣುವ ದೃಷ್ಟಿಯೇ ಬೇರೆಯಾಗಿತ್ತು. ಆ ದೃಷ್ಟಿ ತಾಲೀಮಿನ ಕೋಣೆಯೊಳಗಷ್ಟೇ ಬೆಳೆದದ್ದಲ್ಲ ಎಂದು ನಾನು ತಿಳಿದಿದ್ದೇನೆ.

ಸನ್ನೆ

ಕಿವಿ ಕೇಳದ ಕಲಾವಿದರೊಂದಿಗೆ ಕೆಲಸ ಮಾಡುತ್ತೇನೆ. ಭಾರತದ ಸಮಕಾಲೀನ ನರ್ತಕ ಅಸ್ತಾದ್ ದೇಬೂ ಅವರು (1947–2020) ಕೋಲ್ಕತ್ತದ ಆಕ್ಷನ್ ಪ್ಲೇಯರ್ಸ್ ತಂಡದ ಶ್ರವಣದೋಷವುಳ್ಳ ಕಲಾವಿದರೊಂದಿಗೆ, ಮುಂದೆ ಮಣಿಪುರದಲ್ಲಿ ಪುಂಗ್ ಎಂಬ ಮದ್ದಳೆಯನ್ನು ನುಡಿಸುತ್ತ ಕುಣಿಯುವ ಪುಂಗ್ ಚೋಲೊಮ್ ವಾದಕರೊಂದಿಗೆ, ಬೀದಿಯಲ್ಲಿ ಬೆಳೆದ ಮಕ್ಕಳೊಂದಿಗೆ ಕೃತಿಗಳನ್ನು ಮಾಡಿದವರು. ತಮ್ಮ ಸೋಲೊಗಳಿಗೆ ಹೆಸರಾದ ಈ ಕಲಾವಿದರ ವೃತ್ತಿಜೀವನದ ದೊಡ್ಡ ಭಾಗ ಹೀಗೆ ಬೇರೆಯವರ ಮೈಲಯವನ್ನು ಕಲಿಯುವುದರಲ್ಲಿ ಕಳೆಯಿತೆಂಬುದನ್ನು ಮರೆಯುವಂತಿಲ್ಲ. ಸಂಗೀತ ಕೇಳದವರು ಒಟ್ಟಿಗೆ ಹೆಜ್ಜೆ ಹಾಕುವುದು ಹೇಗೆಂದು ಜನ ಕೇಳುತ್ತಾರೆ. ಮುಂದಿರುವವರ ಬೆನ್ನು ಉಸಿರಿಗೆ ಏರುವುದನ್ನು ಕಣ್ಣಂಚಿನಲ್ಲಿ ಹಿಡಿದು, ಎಣಿಕೆಯನ್ನು ಒಳಗೇ ನಡೆಸಿ ಒಟ್ಟಾಗುತ್ತಾರೆ. ಒಬ್ಬರು ಬೇರೆಯವರನ್ನು ಗಮನಿಸುವುದನ್ನು ಬಿಟ್ಟರೆ ಅಲ್ಲಿ ನೃತ್ಯವೇ ನಿಲ್ಲುತ್ತದೆ.

ಬರಿಗಾಲು ಅವರಿಗೆ ಸೆಲೆಸ್ಟ್ ಡ್ಯಾಂಡೆಕರ್ ಅವರ ವಿಷಯ ಹೇಳಬೇಕೆನಿಸಿತು. ಲಂಡನ್ ಕಂಟೆಂಪರರಿ ಡ್ಯಾನ್ಸ್ ಥಿಯೇಟರ್‌ನ ನರ್ತಕಿಯಾಗಿದ್ದ ಅವರು 1973ರಲ್ಲಿ ವೇದಿಕೆಯ ಮೇಲೇ ಬಿದ್ದು ಬೆನ್ನುಹುರಿಗೆ ಪೆಟ್ಟಾಗಿ ಗಾಲಿಕುರ್ಚಿಗೆ ಬಂದರು. ಅನೇಕ ವರ್ಷಗಳ ಮೇಲೆ ಅವರನ್ನು ಮತ್ತೆ ನೃತ್ಯಕ್ಕೆ ಕರೆತಂದವರು ಅದೇ ತಂಡದ ನರ್ತಕರಾಗಿದ್ದ ದರ್ಶನ್ ಸಿಂಗ್ ಭುಲ್ಲರ್. ತಮ್ಮ ಒಂದು ಚಿತ್ರದಲ್ಲಿ ಕುಣಿಯಲು ಅವರನ್ನು ಒಪ್ಪಿಸಿದರು. 1991ರಲ್ಲಿ ಸೆಲೆಸ್ಟ್ ಅವರು ಆಡಮ್ ಬೆಂಜಮಿನ್ ಜೊತೆಗೂಡಿ, ಅಂಗವೈಕಲ್ಯವಿರುವವರೂ ಇಲ್ಲದವರೂ ಒಟ್ಟಿಗೆ ಕುಣಿಯುವ ಕ್ಯಾಂಡೊಕೊ ತಂಡವನ್ನು ಕಟ್ಟಿದರು. ಹಳೆಯ ಸಹನರ್ತಕರೊಬ್ಬರು ನಿನ್ನಲ್ಲಿ ನೃತ್ಯ ಇನ್ನೂ ಇದೆ ಎಂದು ನಂಬಿ ಕರೆದ ಆ ಒಂದು ಕರೆಯಿಂದ ಎಷ್ಟು ಜನರ ವೃತ್ತಿಗೆ ದಾರಿಯಾಯಿತು ನೋಡಿ.

ಮೂರನೆಯ ಸಾಲು

ಅರವತ್ತರ ಆಚೆ ಅವರೇ, ಆ ಯುವಕ ನಿಮ್ಮ ಒಪ್ಪಿಗೆ ಕೇಳಿದ ಎಂಬ ಸಾಲನ್ನು ಮತ್ತೆ ಮತ್ತೆ ಓದಿದೆ. ನನಗೆ ಬೇಕಿದ್ದದ್ದು ಅಷ್ಟೇ. ಸಮುದಾಯವೇ ಬೇಡವೆಂದು ನಾನು ಹೇಳಿದಂತೆ ಕಂಡಿದ್ದರೆ ಅದನ್ನು ತಿದ್ದಿಕೊಳ್ಳುತ್ತೇನೆ. ಸಂಸ್ಥೆಯೊಂದು ಆ ಮಾತನ್ನು ತನ್ನ ಅನುಕೂಲಕ್ಕೆ ಬಳಸುವುದು ಬೇರೆ, ನರ್ತಕರು ತಾವೇ ಸೇರಿ ಒಬ್ಬರ ಭಾರವನ್ನು ಇನ್ನೊಬ್ಬರು ಹೊರುವುದು ಬೇರೆ. ಈ ಎರಡನ್ನು ನಾನು ಒಂದೇ ಸಿಟ್ಟಿನಲ್ಲಿ ಕಟ್ಟಿದ್ದೆ.

ಆದರೂ ಒಂದು ವಿಷಯದಲ್ಲಿ ನಾನು ಬಗ್ಗುವುದಿಲ್ಲ. ಪ್ರೀತಿ ಇರುವ ಗುಂಪಿನಲ್ಲೂ ಬರವಣಿಗೆ ಬೇಕು. ಅಮೆರಿಕದ ನೃತ್ಯ ಸಂಯೋಜಕ ಮರ್ಸ್ ಕನಿಂಗ್‌ಹ್ಯಾಂ ತಮ್ಮ ಮರಣದ ನಂತರ ತಂಡ ಎರಡು ವರ್ಷ ಲೋಕಸಂಚಾರ ಮಾಡಿ ಮುಗಿಯಬೇಕೆಂದು ಮೊದಲೇ ಯೋಜಿಸಿಟ್ಟಿದ್ದರು. 2009ರಲ್ಲಿ ಅವರು ತೀರಿಕೊಂಡರು, 2011ರ ಡಿಸೆಂಬರ್ 31ರಂದು ನ್ಯೂಯಾರ್ಕಿನಲ್ಲಿ ತಂಡ ಕೊನೆಯ ಬಾರಿ ಕುಣಿಯಿತು. ಆ ಯೋಜನೆಯಲ್ಲಿ ನರ್ತಕರ ಮುಂದಿನ ಬದುಕಿಗೆಂದು ಹಣದ ನೆರವನ್ನೂ ಸೇರಿಸಲಾಗಿತ್ತು, ಕೃತಿಗಳನ್ನು ಮುಂದೆ ಕಲಿಸುವ ವ್ಯವಸ್ಥೆಯನ್ನೂ ಮಾಡಲಾಗಿತ್ತು. ಇಂದು ಆ ಕೃತಿಗಳನ್ನು ಬೇರೆ ತಂಡಗಳಿಗೆ ಕಲಿಸುತ್ತಿರುವವರು ಅಂದು ಅವನ್ನು ಕುಣಿದವರೇ. ಮುಗಿಯುವುದು ಹೇಗೆಂದು ಕೂಡ ಒಟ್ಟಿಗೆ ಕೂತು ಬರೆದಿಟ್ಟುಕೊಳ್ಳುವುದು ಅವಿಶ್ವಾಸವಲ್ಲ. ನಮ್ಮಲ್ಲಿ ಹೆಚ್ಚಿನವರು ನಲವತ್ತರ ಸುಮಾರಿಗೆ ಏನು ಮಾಡುವುದೆಂದು ಯೋಚಿಸಲು ಮೊಣಕಾಲು ಹರಿಯುವವರೆಗೆ ಕಾಯುತ್ತೇವೆ. ನೆದರ್ಲೆಂಡ್ಸ್ ಡ್ಯಾನ್ಸ್ ಥಿಯೇಟರ್ 1991ರಲ್ಲಿ ನಲವತ್ತು ದಾಟಿದ ನರ್ತಕರಿಗೆಂದೇ ಒಂದು ಮೂರನೆಯ ತಂಡವನ್ನು ಕಟ್ಟಿತ್ತು, 2006ರಲ್ಲಿ ಅದೂ ನಿಂತಿತು. ಯಾರೋ ಕಟ್ಟಿಕೊಡಲಿ ಎಂದು ಕಾಯುವಂತಿಲ್ಲ.

ಹೊಸ ಕೃತಿಯೊಂದಕ್ಕೆ ನಾನು ಸೇರುತ್ತಿದ್ದೇನೆ. ತಾಲೀಮಿನ ದಿನಗಳ ಸಂಬಳ, ಚಲನೆ ಹುಟ್ಟಿಸಿದವರ ಹೆಸರು, ಗಾಯವಾದರೆ ಯಾರು ಏನು ಮಾಡುತ್ತಾರೆ, ಬಿಟ್ಟುಹೋದವರ ಚಲನೆಯನ್ನು ಬಳಸುವ ಮೊದಲು ಅವರನ್ನು ಕೇಳುವುದು: ಇವಿಷ್ಟನ್ನು ಒಂದು ಪುಟದಲ್ಲಿ ಬರೆದು ಎಲ್ಲರೂ ಸಹಿ ಹಾಕೋಣವೆಂದು ಮೊದಲ ದಿನವೇ ಕೇಳಿದೆ. ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಆಮೇಲೆ ಎಲ್ಲರಿಗಿಂತ ಕಿರಿಯಳಾದವಳು ಪೆನ್ನು ತಂದಳು.

ಮೊದಲ ಹೆಜ್ಜೆ

ಉಸಿರಿನ ಲೆಕ್ಕ ಮೇಡಂ, ಆಡಿಷನ್‌ನಲ್ಲಿ ನನ್ನಂತೆಯೇ ಮೂಲೆಯಲ್ಲಿದ್ದ ಒಬ್ಬಳಿಗೆ ಸಂದೇಶ ಕಳಿಸಿದ್ದೇನೆ. ಅವಳೂ ಹೀಗೆಯೇ ಫೋನನ್ನು ಗೋಡೆಗೆ ಒರಗಿಸಿ ಕಲಿಯುತ್ತಿದ್ದಾಳಂತೆ. ಶನಿವಾರ ಸೇರುತ್ತಿದ್ದೇವೆ. ಆ ಪುಟದ ಮಾದರಿಯನ್ನು ಇಲ್ಲಿ ಹಂಚಿಕೊಳ್ಳುವಿರಾ, ಮೂರನೆಯ ಸಾಲು ಅವರೇ? ಇಬ್ಬರಿಗೂ ಅದು ಬೇಕಾಗಬಹುದು.

ಬರಿಗಾಲು

ಎಲ್ಲರ ಬರಹಗಳನ್ನೂ ನಮ್ಮ ಆರು ಜನ ಕ್ಲಾಸಿನ ನಂತರ ನೆಲದ ಮೇಲೆ ಕುಳಿತು ಗಟ್ಟಿಯಾಗಿ ಓದಿಕೊಂಡೆವು. ಮೂರನೆಯ ಸಾಲು ಅವರ ಮೊದಲ ಬರಹ ಓದುವಾಗ ನನ್ನ ದನಿ ನಿಂತಿತು. ಬೇರೆಯವರು ಹುಟ್ಟಿಸಿದ ಚಲನೆಯನ್ನು, ಅವರು ಯಾರೆಂದು ಕೇಳದೆ, ನಾನೂ ವೇದಿಕೆಯ ಮೇಲೆ ಹೊತ್ತು ತಿರುಗಿದ್ದೇನೆ. ಒಂದು ಕೃತಿಯಲ್ಲಿ ನನಗೆ ಬಂದ ಭಾಗವನ್ನು ನನಗಿಂತ ಮೊದಲು ಕುಣಿದವರು ಈಗ ಎಲ್ಲಿದ್ದಾರೆಂದು ಹುಡುಕಲು ಆರಂಭಿಸಿದ್ದೇನೆ. ಅವರಲ್ಲಿ ಒಬ್ಬರು ಸಿಕ್ಕಿದ್ದಾರೆ.

ಕೀಲು ಅವರೇ, ಹನ್ನೊಂದನೆಯ ತಿಂಗಳಿನಲ್ಲಿ ಮೊದಲ ಬಾರಿ ಎರಡೂ ಕಾಲಿನಲ್ಲಿ ಜಿಗಿದೆ. ಇಳಿಯುವಾಗ ನೀವು ಹೇಳಿದ ಅಪನಂಬಿಕೆ ನಿಜವಾಗಿಯೂ ಇತ್ತು. ಐವರೂ ನನ್ನ ಜೊತೆ ಅದೇ ಎಣಿಕೆಗೆ ಜಿಗಿದರು, ಆರು ಜೋಡಿ ಪಾದಗಳು ಒಟ್ಟಿಗೆ ನೆಲ ಮುಟ್ಟಿದ ಸದ್ದಿನಲ್ಲಿ ನನ್ನದು ಯಾವುದೆಂದು ನನಗೇ ತಿಳಿಯಲಿಲ್ಲ. ಸದ್ಯಕ್ಕೆ ಅಷ್ಟು ಸಾಕಾಯಿತು.

ಆ ಹಳೆಯ ಭಾಗ ಇನ್ನು ನನ್ನ ಗೆಳತಿಯದೇ. ಮರಳಿ ತೆಗೆದುಕೋ ಎಂದು ಅವಳು ಹೇಳಿದಳು, ನಾನು ಬೇಡವೆಂದೆ. ಅವಳು ತಿರುಗುವಾಗ ನೋಟ ನನ್ನದಕ್ಕಿಂತಲೂ ಇನ್ನೊಂದು ಕ್ಷಣ ಹೆಚ್ಚು ಹಿಂದೆ ಉಳಿಯುತ್ತದೆ, ಅದು ಅವಳದೇ. ಪರಿಚಯಪತ್ರಿಕೆಯಲ್ಲಿ ಆ ಭಾಗದ ಮುಂದೆ ಇಬ್ಬರ ಹೆಸರನ್ನೂ ಹಾಕಬೇಕೆಂದು ಸಂಯೋಜಕರನ್ನು ಕೇಳಿದ್ದೇವೆ, ಉತ್ತರಕ್ಕೆ ಕಾಯುತ್ತಿದ್ದೇವೆ. ಮೊದಲ ಪ್ರದರ್ಶನದ ದಿನ ನಾನು ಪಕ್ಕಪರದೆಯ ಹಿಂದೆ ಅವಳಿಗಾಗಿ ಎಣಿಕೆ ಹಿಡಿಯುತ್ತೇನೆ.